ತಗಡಿಗೆ ತೊಗಲು ಬರುವುದು ಹೇಗೆ

ಕಾರಿನ ಷೋರೂಮ್. ಕಾಲಿಗೆ ಲೋಹದ ಬ್ರೇಸ್ ಕಟ್ಟಿಕೊಂಡ ಹೆಣ್ಣೊಬ್ಬಳು ಹೊಚ್ಚ ಹೊಸ ಮರ್ಸಿಡಿಸ್ ಒಳಗೆ ಕೂತು ನೋಡಬೇಕು ಅನ್ನುತ್ತಾಳೆ. ಮಾರಾಟದವನು ಮುಜುಗರದಿಂದಲೇ ಕೈಕೊಟ್ಟು ಕೂರಿಸಲು ಹೋಗುತ್ತಾನೆ. ಬ್ರೇಸಿನ ತುದಿ ಸೀಟಿನ ಚರ್ಮಕ್ಕೆ ಸಿಕ್ಕಿಕೊಳ್ಳುತ್ತದೆ, ಚರ್ಮ ಪರ್ರನೆ ಹರಿಯುತ್ತದೆ. ಕಾರು ಅಪಘಾತದಲ್ಲೇ ಕಾಮ ಕೆರಳುವವರ ಕಥೆಯಾದ 1996ರ 'ಕ್ರ್ಯಾಶ್' ಚಿತ್ರ ಅಂದಕೂಡಲೇ ಜನ ಬೇರೆ ಬೇರೆ ದೃಶ್ಯಗಳನ್ನು ನೆನೆಯುತ್ತಾರೆ. ನನ್ನ ಲೆಕ್ಕದಲ್ಲಿ ನಿರ್ದೇಶಕ ಡೇವಿಡ್ ಕ್ರೋನೆನ್‌ಬರ್ಗ್ ಇಡೀ ಚಿತ್ರವನ್ನು ಕಟ್ಟಿರುವುದು ಈ ಒಂದು ಹರುಕಿನ ಮೇಲೆ. ಬಟ್ಟೆ ಬಿಚ್ಚುವ ಮಾತೇ ಇಲ್ಲ. ಲೋಹ ಚರ್ಮವನ್ನು ಗೀರುತ್ತದೆ, ಪಕ್ಕದಲ್ಲಿ ನಿಂತವನ ಮುಖ ಕಾವೇರುತ್ತದೆ, ಅಷ್ಟೇ.

ಮನುಷ್ಯನ ಬಯಕೆ, ಯಂತ್ರ ಎರಡನ್ನೂ ಒಟ್ಟಿಗೆ ಹಿಡಿಯಹೊರಟ ಚಿತ್ರಗಳು ಬಹಳ ಇವೆ, ಸೋತವೇ ಹೆಚ್ಚು. ಅವು ಸೋಲುವುದು ಧೈರ್ಯ ಸಾಲದೆ ಅಲ್ಲ. ಯಂತ್ರವನ್ನು ಬರೀ ವಿಚಾರವಾಗಿ ಇಟ್ಟುಕೊಂಡು, ಅದಕ್ಕೆ ತೂಕ, ಜಿಡ್ಡು, ಸದ್ದು ಯಾವುದನ್ನೂ ಕೊಡದೆ, ಮೇಲೊಂದಿಷ್ಟು ನೀಲಿ ಬೆಳಕು ಸುರಿದು ಕೈತೊಳೆದುಕೊಳ್ಳುತ್ತಾರೆ. ಗೆದ್ದ ಚಿತ್ರಗಳ ಗುಟ್ಟು ಬಹುಮಟ್ಟಿಗೆ ಕಮ್ಮಟದ ಕೆಲಸ: ಯಾವ ರಬ್ಬರ್, ಗಾಳಿಯ ಒತ್ತಡ ಯಾರ ಕೈಯಲ್ಲಿ, ಶಟರ್ ಎಷ್ಟು ಡಿಗ್ರಿ, ಮೈಕ್ ಬಾಯಿಂದ ಎಷ್ಟು ದೂರ.

'ಕ್ರ್ಯಾಶ್' ವಿಷಯವನ್ನೇ ಮೊದಲು ಮುಗಿಸುತ್ತೇನೆ. ಅಪಘಾತ ಅಂದರೆ ಸಿನಿಮಾದವರ ಕೈ ತಾನಾಗಿಯೇ ಸ್ಲೋ ಮೋಷನ್ ಕಡೆ ಹೋಗುತ್ತದೆ. ಒಂದೇ ಗುದ್ದನ್ನು ನಾಲ್ಕು ಕ್ಯಾಮೆರಾದಿಂದ ಹಿಡಿದು, ಗಾಜಿನ ಚೂರು ಗಾಳಿಯಲ್ಲಿ ತೇಲುವುದನ್ನು ತೋರಿಸಿದರೇ ಸಮಾಧಾನ. ಈ ಚಿತ್ರದಲ್ಲಿ ಅದು ಇಲ್ಲ. ಗುದ್ದು ನಿಜವಾದ ವೇಗದಲ್ಲೇ ಆಗಿ, ಏನಾಯಿತು ಅನ್ನುವಷ್ಟರಲ್ಲಿ ಮುಗಿದಿರುತ್ತದೆ. ನಿಧಾನವೆಲ್ಲ ಅದರ ನಂತರಕ್ಕೆ ಮೀಸಲು. ಮಡಚಿದ ತಗಡಿನ ಮೇಲೆ ಕ್ಯಾಮೆರಾ ಸರಿಯುವುದು, ಗಾಯದ ಹೊಲಿಗೆಯ ಮೇಲೆ ಬೆರಳು ಸರಿಯುವುದು, ಎರಡಕ್ಕೂ ಒಂದೇ ವೇಗ. ಹೀಗೆ ಮಾಡಿದಾಗ ಡಿಕ್ಕಿಯ ಮಜಾ ನೋಡುವವರಿಗೆ ಸಿಗುವುದಿಲ್ಲ, ಅದರ ಗುಂಗು ಮಾತ್ರ ಉಳಿಯುತ್ತದೆ. ಪಾತ್ರಗಳ ಸ್ಥಿತಿಯೂ ಅದೇ.

ಕಾರ್ ವಾಷ್ ದೃಶ್ಯದಲ್ಲಿ ಇದೇ ಉಪಾಯ ಇನ್ನೂ ಬಿಗಿಯಾಗಿದೆ. ವಾನ್ ಎಂಬವನ ಹಳೆಯ ತೆರೆದ ಲಿಂಕನ್ ಕಾರು, ಕೆನಡಿ ಕೊಲೆಯಾದಾಗ ಕೂತಿದ್ದ ಕಾರಿನ ಕುಲದ್ದೇ. ಹಿಂದಿನ ಸೀಟಿನಲ್ಲಿ ವಾನ್, ಜೊತೆಗೆ ಇನ್ನೊಬ್ಬನ ಹೆಂಡತಿ. ಸ್ಟೀರಿಂಗ್ ಹಿಡಿದ ಅವಳ ಗಂಡ ಕನ್ನಡಿಯಲ್ಲಿ ನೋಡುತ್ತಿದ್ದಾನೆ. ಮೊದಲು ಚಾವಣಿ ಏಳಬೇಕು, ಗಾಜು ಏರಬೇಕು, ಆಮೇಲೆ ನೀರು, ನೊರೆ, ಬ್ರಷ್ಷು. ಅರವತ್ತರ ದಶಕದ ಆ ಲಿಂಕನ್‌ನಲ್ಲಿ ಡಿಕ್ಕಿಯ ಮುಚ್ಚಳ ಮುಂದಿನಿಂದ ಹಿಂದಕ್ಕೆ ತೆರೆದುಕೊಂಡು, ಒಳಗಿಂದ ಚಾವಣಿ ಮಡಿಕೆ ಬಿಚ್ಚುತ್ತಾ ಹೊರಬರುತ್ತದೆ. (ಗುದ್ದಾಟಕ್ಕೂ ಸಾಮಾನಿಡುವ ಜಾಗಕ್ಕೂ ನಾವು 'ಡಿಕ್ಕಿ' ಅಂತಲೇ ಅನ್ನುತ್ತೇವೆ. ಕ್ರೋನೆನ್‌ಬರ್ಗ್‌ಗೆ ಕನ್ನಡ ಬಂದಿದ್ದರೆ ಬಿಡುತ್ತಿರಲಿಲ್ಲ.) ರಿಲೇ, ಲಿಮಿಟ್ ಸ್ವಿಚ್, ಹೈಡ್ರಾಲಿಕ್ ಪಂಪುಗಳ ದೊಡ್ಡ ಸರಪಳಿ ಅದು. ಒಂದು ಸ್ವಿಚ್ ಕೈಕೊಟ್ಟರೂ ಚಾವಣಿ ಅರ್ಧದಲ್ಲೇ ನಿಂತುಬಿಡುತ್ತದೆ. ಚಿತ್ರ ಈ ಯಾಂತ್ರಿಕ ತಯಾರಿಗೆ ಸಮಯ ಕೊಡುತ್ತದೆ. ಯಾವ ಪ್ರಣಯ ದೃಶ್ಯದಲ್ಲಾದರೂ ಕಾಯಿಸುವುದು ಅರ್ಧ ಕೆಲಸ ತಾನೇ? ಇಲ್ಲಿ ಕಾಯಿಸುವುದು ಮೋಟಾರು.

ಹೋವರ್ಡ್ ಶೋರ್ ಅವರ ಸಂಗೀತಕ್ಕೆ ಆರು ಎಲೆಕ್ಟ್ರಿಕ್ ಗಿಟಾರ್, ಮೂರು ಹಾರ್ಪ್. ಎರಡೂ ಮೀಟುವ ವಾದ್ಯಗಳೇ. ಬೆರಳು ತಂತಿಯನ್ನು ಬಿಟ್ಟ ಕ್ಷಣದ ಚುರುಕು ಎರಡರಲ್ಲೂ ಇದೆ, ಆದರೆ ಒಂದರ ಹಿಂದೆ ಕರೆಂಟು ಹರಿಯುತ್ತಿದೆ. ಒಟ್ಟಿಗೆ ನುಡಿದಾಗ ಮರದ ಸದ್ದು ಎಲ್ಲಿ ಮುಗಿದು ಲೋಹದ್ದು ಎಲ್ಲಿ ಶುರುವಾಯಿತು ಅಂತ ಕಿವಿಗೆ ತಿಳಿಯುವುದಿಲ್ಲ.

ಕಾನ್ ಚಿತ್ರೋತ್ಸವದಲ್ಲಿ ವಿಶೇಷ ಜ್ಯೂರಿ ಪ್ರಶಸ್ತಿ ಬಂತು. ಲಂಡನ್ನಿನ ವೆಸ್ಟ್‌ಮಿನ್‌ಸ್ಟರ್ ಕೌನ್ಸಿಲ್ ತನ್ನ ವ್ಯಾಪ್ತಿಯಲ್ಲಿ ಚಿತ್ರ ಹಾಕಬಾರದು ಅಂತು. ಬ್ರಿಟಿಷ್ ಸೆನ್ಸಾರ್ ಮಂಡಳಿ ಮಾತ್ರ ವಕೀಲರು, ಮನಶ್ಶಾಸ್ತ್ರಜ್ಞರು, ಅಂಗವಿಕಲರ ಒಂದು ಗುಂಪು ಇವರಿಗೆಲ್ಲ ತೋರಿಸಿ, ಅಭಿಪ್ರಾಯ ಕೇಳಿ, 1997ರಲ್ಲಿ ಒಂದು ಚೂರೂ ಕತ್ತರಿಸದೆ 18 (ವಯಸ್ಕರಿಗೆ ಮಾತ್ರ) ಪ್ರಮಾಣಪತ್ರ ಕೊಟ್ಟಿತು.

ಇದೇ ನಿರ್ದೇಶಕರ 1983ರ 'ವಿಡಿಯೋಡ್ರೋಮ್' ಕಮ್ಮಟದ ಕಣ್ಣಿಂದ ನೋಡಿದರೆ ಇನ್ನೂ ರುಚಿ. ಅದರಲ್ಲಿ ಟಿವಿ ಉಸಿರಾಡುತ್ತದೆ, ತೆರೆ ಉಬ್ಬಿ ತುಟಿಯಾಗುತ್ತದೆ, ನಾಯಕ ಅದರೊಳಗೆ ಮುಖ ಹುದುಗಿಸುತ್ತಾನೆ. ಕಂಪ್ಯೂಟರ್ ಗ್ರಾಫಿಕ್ಸ್ ಇಲ್ಲ. ಗಾಜಿನ ಜಾಗದಲ್ಲಿ, ಹಲ್ಲಿನ ಡಾಕ್ಟರು ಬಾಯಿಗೆ ಅಡ್ಡ ಹಾಕುವ ತೆಳು ರಬ್ಬರ್ ಹಾಳೆ. ಅದರ ಹಿಂದಿನಿಂದ ವಿಡಿಯೋ ಪ್ರೊಜೆಕ್ಟರ್. ಮಿಡಿಯುವ ಟಿವಿ ಪೆಟ್ಟಿಗೆಗೆ ಏರ್ ಕಂಪ್ರೆಸರ್, ಅದರ ವಾಲ್ವುಗಳನ್ನು ಜೋಡಿಸಿದ್ದು ಪಿಯಾನೋ ಕೀಲಿಮಣೆಗೆ. ಫ್ರ್ಯಾಂಕ್ ಕರೆರೆ ಎಂಬ ತಂತ್ರಜ್ಞ ಅದನ್ನು ಕೂತು ನುಡಿಸುತ್ತಿದ್ದರು.

ಈ ಕೀಲಿಮಣೆ ತಮಾಷೆಯ ವಿವರ ಅಂತ ದಾಟಿ ಹೋಗಬೇಡಿ. ಇಂಥ ತೆರೆಯನ್ನು ಈಗ ಯಾರಾದರೂ ಮಾಡಹೊರಟರೆ ಮೊದಲು ಎಡವುವುದು ಇಲ್ಲೇ. ಟೈಮರ್ ಹಾಕಿದ ಪಂಪು ಸಮನಾದ ಲಯದಲ್ಲಿ ಉಬ್ಬಿಸಿ ಇಳಿಸುತ್ತದೆ, ನೋಡುವವರಿಗೆ ಅದು ಪಂಪಾಗಿಯೇ ಕಾಣುತ್ತದೆ. ವಿಶ್ರಾಂತಿಯಲ್ಲಿರುವ ಮನುಷ್ಯ ನಿಮಿಷಕ್ಕೆ 12ರಿಂದ 20 ಸಲ ಉಸಿರಾಡುತ್ತಾನೆ. ಒಳಗೆಳೆಯುವುದಕ್ಕಿಂತ ಬಿಡುವುದಕ್ಕೆ ಹೆಚ್ಚು ಹೊತ್ತು, ಹೆಚ್ಚುಕಮ್ಮಿ ದುಪ್ಪಟ್ಟು. ಬಿಟ್ಟ ಮೇಲೆ ಒಂದು ಸಣ್ಣ ತಂಗು. ಎರಡು ಉಸಿರು ಒಂದೇ ಅಳತೆಯವು ಇರುವುದಿಲ್ಲ. ವಾಲ್ವನ್ನು ಕೈಯಿಂದ ಆಡಿಸಿದರೆ ಈ ಏರುಪೇರು ಪುಕ್ಕಟೆಯಾಗಿ ಬರುತ್ತದೆ.

ಎರಡನೆಯ ತೊಡಕು ರಬ್ಬರಿನದ್ದು. ಉಬ್ಬಿದಾಗ ಹಾಳೆ ನಡುವೆ ತೆಳುವಾಗಿ ಅಲ್ಲಿ ಬೆಳಕು ಹೆಚ್ಚು ಹಾಯುತ್ತದೆ, ಮಧ್ಯದಲ್ಲಿ ಬಿಳಿ ಮಚ್ಚೆ. ಪ್ರೊಜೆಕ್ಟರನ್ನು ನೇರ ಹಿಂದೆ ಇಟ್ಟರೆ ಮಚ್ಚೆ ಇನ್ನೂ ಜೋರು. ಸ್ವಲ್ಪ ಓರೆಯಾಗಿಟ್ಟು, ಚಿತ್ರದ ವಕ್ರತೆಯನ್ನು ಪ್ರೊಜೆಕ್ಟರಿನಲ್ಲೇ ತಿದ್ದಿಕೊಳ್ಳಬೇಕು. ಹಾಳೆಯನ್ನು ಚೌಕಟ್ಟಿಗೆ ಬಿಗಿಯುವಾಗಲೇ ತುಸು ಎಳೆದು ಕಟ್ಟದಿದ್ದರೆ ಇಳಿದಾಗ ಸುಕ್ಕು ಬೀಳುತ್ತದೆ. ಪ್ರತಿ ಟೇಕಿನಲ್ಲೂ ರಬ್ಬರ್ ದಣಿಯುತ್ತದೆ, ಹಾಗಾಗಿ ಬದಲಿ ಹಾಳೆಗಳು ಕತ್ತರಿಸಿ ತಯಾರಿರಬೇಕು. ಕಂಪ್ರೆಸರನ್ನು ಬೇರೆ ಕೋಣೆಯಲ್ಲಿಟ್ಟು ಪೈಪು ಎಳೆಯದಿದ್ದರೆ ಸಂಭಾಷಣೆಯೆಲ್ಲ ಆಮೇಲೆ ಡಬ್ ಮಾಡಬೇಕಾದೀತು.

ಅದೇ ಚಿತ್ರದಲ್ಲಿ ನಾಯಕನ ಹೊಟ್ಟೆಯ ಸೀಳಿಗೆ ತುರುಕುವ ವಿಡಿಯೋ ಕ್ಯಾಸೆಟ್ ಬೀಟಾಮ್ಯಾಕ್ಸ್ ಎಂಬ ಚಿಕ್ಕ ಮಾದರಿಯದ್ದು. ಕಾರಣ ಬಹಳ ಸಾದಾ: ಅದಕ್ಕಿಂತ ದೊಡ್ಡದಾದ ವಿಎಚ್‌ಎಸ್ ಕ್ಯಾಸೆಟ್ ಆ ಕೃತಕ ಹೊಟ್ಟೆಗೆ ಹಿಡಿಸುತ್ತಿರಲಿಲ್ಲ. ಇದರ ಮೇಲೆ ಯಾರಾದರೂ ದೊಡ್ಡ ಸಿದ್ಧಾಂತ ಕಟ್ಟಿದರೆ ನಕ್ಕು ಸುಮ್ಮನಾಗಿ.

ಟಿವಿ, ಫೋನುಗಳ ತೆರೆಯನ್ನು ಸಿನಿಮಾ ತೆರೆಯೊಳಗೆ ಹಿಡಿಯುವವರಿಗೆ ಲೆಕ್ಕ ತಪ್ಪಿದ್ದಲ್ಲ. ಫಿಲ್ಮ್ ಕ್ಯಾಮೆರಾ ಸೆಕೆಂಡಿಗೆ 24 ಚೌಕಟ್ಟು, 180 ಡಿಗ್ರಿ ಶಟರ್ (ಬೆಳಕು ಬಿಟ್ಟು ಮುಚ್ಚುವ ತಿರುಗು ಬಿಲ್ಲೆ, ಅದರ ತೆರೆದ ಭಾಗದ ಅಳತೆ ಡಿಗ್ರಿಯಲ್ಲಿ) ಇದ್ದರೆ ಒಂದೊಂದಕ್ಕೆ 1/48 ಸೆಕೆಂಡಿನ ಬೆಳಕು. ಅಮೆರಿಕನ್ ಮಾದರಿಯ ಟಿವಿ ಸೆಕೆಂಡಿಗೆ ಸುಮಾರು 60 ಸಲ ತೆರೆಯನ್ನು ಗುಡಿಸುತ್ತದೆ. ಎರಡೂ ಹೊಂದದೆ ಕಪ್ಪು ಪಟ್ಟಿಯೊಂದು ಉರುಳತೊಡಗುತ್ತದೆ. ಶಟರನ್ನು 144 ಡಿಗ್ರಿಗೆ ಇಳಿಸಿದರೆ ಬೆಳಕಿನ ಅವಧಿ ಸರಿಯಾಗಿ 1/60 ಆಗಿ ಪಟ್ಟಿ ಬಹುಮಟ್ಟಿಗೆ ಅಡಗುತ್ತದೆ. 50 ಹರ್ಟ್ಸ್ ತೆರೆಗೆ 172.8 ಡಿಗ್ರಿ. ಈಗಿನ ಫೋನುಗಳದ್ದು ಬೇರೆ ರೋಗ. ಪ್ರಕಾಶ ತಗ್ಗಿಸಲು ಹಲವು ಫೋನುಗಳು ಬೆಳಕನ್ನು ಬೇಗಬೇಗ ಆರಿಸಿ ಹೊತ್ತಿಸುತ್ತವೆ, ಕ್ಯಾಮೆರಾ ಅದನ್ನು ಗೆರೆಗಳಾಗಿ ಹಿಡಿಯುತ್ತದೆ. ಅದಕ್ಕೇ ಫೋನನ್ನು ಪೂರ್ತಿ ಪ್ರಕಾಶಕ್ಕೆ ಏರಿಸಿ, ಗಾಜಿನ ಮೇಲೆ ಬೂದು ಫಿಲ್ಟರ್ ಹಾಳೆ ಅಂಟಿಸುವುದು ಒಳ್ಳೆಯದು. ಮುಖದ ಮೇಲಿನ 'ಫೋನಿನ ಬೆಳಕು' ಪ್ರತ್ಯೇಕವಾದ ಸಣ್ಣ ಎಲ್‌ಇಡಿಯಿಂದ ಬರಲಿ. ಆ ಎಲ್‌ಇಡಿಯನ್ನು ಬರೀ ನೀಲಿಯಾಗಿಸುವುದು ಈಚಿನ ಪಿಡುಗು. ಫೋನಿನಲ್ಲಿ ಯಾರದೋ ಮೈಬಣ್ಣದ ಚಿತ್ರ ತೆರೆದಿದ್ದರೆ ನೋಡುವವರ ಮುಖದ ಮೇಲೆ ಬೀಳುವುದು ಬೆಚ್ಚನೆಯ ಬೆಳಕು. ಬಯಕೆಯ ದೃಶ್ಯವನ್ನು ಶವಾಗಾರದ ಬಣ್ಣದಲ್ಲಿ ತೆಗೆದು ಆಮೇಲೆ ಅದು ತಣ್ಣಗಿದೆ ಅಂದರೆ ಹೇಗೆ?

ಜ್ಯೂಲಿಯಾ ಡುಕುರ್ನೊ ಅವರ 'ತಿತಾನ್' 2021ರಲ್ಲಿ ಕಾನ್ ಚಿತ್ರೋತ್ಸವದ ಮೊದಲ ಬಹುಮಾನ ಪಾಮ್ ದೋರ್ ಪಡೆಯಿತು. ಬಹುಮಾನವನ್ನು ಕೊನೆಗೆ ಹೇಳಬೇಕಿದ್ದ ಜ್ಯೂರಿ ಅಧ್ಯಕ್ಷ ಸ್ಪೈಕ್ ಲೀ ಸಮಾರಂಭದ ಆರಂಭದಲ್ಲೇ ಬಾಯಿಬಿಟ್ಟದ್ದೂ ಇದೇ ಚಿತ್ರದ ಹೆಸರು. ಕಾರಿನೊಂದಿಗೆ ಕೂಡಿ ಗರ್ಭಿಣಿಯಾಗುವ ಹೆಣ್ಣಿನ ಕಥೆ ಅಂತ ಒಂದೇ ಸಾಲಿನಲ್ಲಿ ಹೇಳಿದರೆ ನಗು ಬರುತ್ತದೆ. ನೋಡುವಾಗ ಬರುವುದಿಲ್ಲ, ಯಾಕೆಂದರೆ ಅಲ್ಲಿ ಯಂತ್ರ ಹರಿಯುತ್ತದೆ, ಒಸರುತ್ತದೆ. ಹಾಲು, ರಕ್ತ ಬರಬೇಕಾದಲ್ಲಿ ಕರಿ ಎಣ್ಣೆ ಜಿನುಗುತ್ತದೆ. ಗಂಡಿನ ವೇಷ ಹಾಕಿದ ನಾಯಕಿ ಹೊಟ್ಟೆಗೆ, ಎದೆಗೆ ಪಟ್ಟಿ ಸುತ್ತಿ ಬಿಗಿದು, ಬಿಚ್ಚಿದಾಗ ಚರ್ಮದ ಮೇಲೆ ಕೆಂಪು ಬರೆ. ನೋಡುವವರ ಮೈಯೇ ನವೆಯಾಗುತ್ತದೆ.

ಎಂಜಿನ್ ಎಣ್ಣೆಯನ್ನು ನಟಿಯ ಮೈಗೆ ಹಚ್ಚುವಂತಿಲ್ಲ. ಬಳಸಿದ ಎಣ್ಣೆಯಂತೂ ಚರ್ಮಕ್ಕೆ ವಿಷವೇ. ಇಂಥ ಕೆಲಸಕ್ಕೆ ಚಿತ್ರರಂಗದವರ ಹಳೆಯ ಗೆಳೆಯ ಮೀಥೈಲ್ ಸೆಲ್ಯುಲೋಸ್ ಪುಡಿ. ಲೀಟರ್ ನೀರಿಗೆ 15ರಿಂದ 20 ಗ್ರಾಂ. ಇದರ ಸ್ವಭಾವ ಉಳಿದವಕ್ಕೆ ತದ್ವಿರುದ್ಧ: ಬಿಸಿನೀರಲ್ಲಿ ಕರಗದು, ತಣ್ಣೀರಲ್ಲಿ ಕರಗುವುದು. ತಣ್ಣೀರಿಗೇ ನೇರವಾಗಿ ಸುರಿದರೆ ಹೊರಗೆ ಲೋಳೆ, ಒಳಗೆ ಒಣಪುಡಿಯ ಗಂಟುಗಳಾಗಿ ಮತ್ತೆ ಬಿಡುವುದೇ ಇಲ್ಲ. ಆದ್ದರಿಂದ ಮೂರನೇ ಒಂದು ಪಾಲು ನೀರನ್ನು 80ರಿಂದ 90 ಡಿಗ್ರಿಗೆ ಕಾಯಿಸಿ, ಪುಡಿಯನ್ನು ಉದುರಿಸುತ್ತಾ ಕಲಕಿ, ಎಲ್ಲ ನೆಂದ ಮೇಲೆ ಉಳಿದ ನೀರನ್ನು ಚೆನ್ನಾಗಿ ತಣ್ಣಗೆ ಮಾಡಿ ಸೇರಿಸಬೇಕು. ತಣಿಯುತ್ತಾ ತಣಿಯುತ್ತಾ ದಪ್ಪವಾಗುತ್ತದೆ. ಒಂದು ರಾತ್ರಿ ಫ್ರಿಜ್ಜಿನಲ್ಲಿ ಬಿಟ್ಟರೆ ಗುಳ್ಳೆ ಏರಿ ಹೋಗುತ್ತವೆ. ಗುಳ್ಳೆ ಉಳಿದರೆ ಕ್ಲೋಸಪ್ಪಿನಲ್ಲಿ ಎಣ್ಣೆ ಶಾಂಪೂ ಆಗಿ ಕಾಣುತ್ತದೆ. ಬಣ್ಣಕ್ಕೆ ಆಹಾರದ ಕಪ್ಪು, ಜೊತೆಗೆ ಒಂದು ಚಿಟಿಕೆ ಕಂದು. ಬರೀ ಕಪ್ಪು ಕ್ಯಾಮೆರಾದಲ್ಲಿ ಶಾಯಿಯಾಗುತ್ತದೆ, ನಿಜವಾದ ಎಣ್ಣೆಯ ತೆಳು ಅಂಚಿನಲ್ಲಿ ಜೇನಿನ ಬಣ್ಣ ಇಣುಕುತ್ತದೆ. ದೀಪದ ಬಿಸಿಗೆ ಒಣಗಿ ಹಪ್ಪಳವಾಗದಂತೆ ಸ್ವಲ್ಪ ಗ್ಲಿಸರಿನ್. ಹಿಂದಿನ ದಿನವೇ ಮೊಣಕೈ ಒಳಬದಿಗೆ ಹಚ್ಚಿ ಅಲರ್ಜಿ ನೋಡುವುದು, ಆಹಾರದ ಬಣ್ಣ ಚರ್ಮದಲ್ಲಿ ಎಷ್ಟು ಹೊತ್ತು ಉಳಿಯುತ್ತದೆ ಅಂತ ನೋಡಿ ಚಿತ್ರೀಕರಣದ ಕ್ರಮ ಹಾಕುವುದು, ಇವೆರಡನ್ನೂ ಮರೆತವರು ಮರುದಿನದ ದೃಶ್ಯದಲ್ಲಿ ಬೂದು ಕೈಗಳನ್ನು ಮುಚ್ಚಿಡಲು ಒದ್ದಾಡುತ್ತಾರೆ.

ಕಾಣುವ ಮೈಯೇ ಇಲ್ಲದ ಯಂತ್ರವಾದರೆ? ಕಂಪ್ಯೂಟರಿನ ಹೆಣ್ಣು ದನಿಗೆ ಮನಸೋತವನ ಕಥೆಯಾದ ಸ್ಪೈಕ್ ಜೋನ್ಜ್ ಅವರ 'ಹರ್' 2013ರಲ್ಲಿ ಆ ಜೂಜು ಆಡಿತು. ಚಿತ್ರೀಕರಣದಲ್ಲಿ ಆ ದನಿ ಕೊಟ್ಟವರು ಸಮಂತಾ ಮಾರ್ಟನ್. ಸಂಕಲನದ ಹೊತ್ತಿಗೆ ಅದನ್ನು ಬಿಟ್ಟು ಸ್ಕಾರ್ಲೆಟ್ ಜೊಹಾನ್ಸನ್ ದನಿಯನ್ನು ಹೊಸದಾಗಿ ಸೇರಿಸಲಾಯಿತು. ಅಂದರೆ ನಾಯಕ ವಾಕೀನ್ ಫೀನಿಕ್ಸ್ ಕರಗಿದ್ದು ಒಂದು ದನಿಗೆ, ನಾವು ಕೇಳುವುದು ಇನ್ನೊಂದನ್ನು. ಚಿತ್ರದಲ್ಲೇ ಒಂದು ಕಡೆ ಅವನು ಕೇಳುತ್ತಾನೆ, ನಿನಗೆ ಆಮ್ಲಜನಕ ಬೇಡವಲ್ಲ, ಮತ್ತೇಕೆ ಉಸಿರೆಳೆಯುತ್ತೀ ಅಂತ. ಧ್ವನಿ ವಿಭಾಗದವರ ಇಡೀ ಕಸುಬನ್ನೇ ಪಾತ್ರ ಪ್ರಶ್ನಿಸಿದಂತಿದೆ. ಬಯಕೆ ಕೂತಿರುವುದು ಆ ಉಸಿರಿನಲ್ಲೇ. ಶಬ್ದ ಸಂಕಲನದಲ್ಲಿ ಪದಗಳ ನಡುವಿನ ಉಸಿರನ್ನೆಲ್ಲ ಕಸ ಅಂತ ಗುಡಿಸಿದರೆ ಉಳಿಯುವುದು ರೈಲ್ವೆ ಪ್ರಕಟಣೆ.

ದನಿ ಕಿವಿಯೊಳಗೇ ಇದೆ ಅನ್ನಿಸಬೇಕಾದರೆ ಎದುರಿನ ಸದ್ದನ್ನೇ ಹೆಚ್ಚು ಹಿಡಿಯುವ ಕಾರ್ಡಿಯಾಯ್ಡ್ ಮೈಕನ್ನು ಬಾಯಿಂದ 8ರಿಂದ 10 ಸೆಂಟಿಮೀಟರಿನಲ್ಲಿ ಇಡಿ. ಇಷ್ಟು ಹತ್ತಿರದಲ್ಲಿ ತಗ್ಗು ಸ್ವರಗಳು ತಾವಾಗಿಯೇ ಉಬ್ಬುತ್ತವೆ, ಪಿಸುಮಾತಿಗೂ ಎದೆ ಬರುತ್ತದೆ. ನೇರ ಎದುರಲ್ಲಿಟ್ಟರೆ 'ಪ', 'ಬ'ಗಳು ಗಾಳಿಯ ಏಟಾಗುತ್ತವೆ, ತುಸು ಓರೆಯಾಗಿರಲಿ. ಕೋಣೆಯ ಪ್ರತಿಧ್ವನಿ ಒಂದು ಚೂರೂ ಸೇರಕೂಡದು. ಸೇರಿದ ಕೂಡಲೇ ದನಿಗೆ ಒಂದು ಜಾಗ ಬರುತ್ತದೆ, ಜಾಗ ಬಂದರೆ ಎಲ್ಲೋ ಒಬ್ಬಳು ಕೂತು ಮಾತಾಡುತ್ತಿದ್ದಾಳೆ ಅನ್ನಿಸುತ್ತದೆ. ಸಾಮಾನ್ಯವಾಗಿ ಆಗುವ ಎಡವಟ್ಟು ಇದಕ್ಕೆ ಉಲ್ಟಾ: 'ಯಂತ್ರದ ದನಿ' ಅಂತ 300ರಿಂದ 3400 ಹರ್ಟ್ಸ್ ಮಧ್ಯೆ ಕತ್ತರಿಸಿ ಟೆಲಿಫೋನ್ ಮಾಡಿಬಿಡುವುದು. ಟೆಲಿಫೋನಿನ ಆಚೆ ಯಾರೋ ಇರುತ್ತಾರೆ, ದೂರದಲ್ಲಿ. ಇಲ್ಲಿ ಬೇಕಾದ್ದು ದೂರವೇ ಇಲ್ಲದ ದನಿ.

ಹಿರೊಕಾಜು ಕೊರೆಎಡಾ ಅವರ 2009ರ 'ಏರ್ ಡಾಲ್' ಇವೆಲ್ಲದರ ಪೈಕಿ ಅತಿ ಬಡ ತಂತ್ರಜ್ಞಾನದ ಚಿತ್ರ. ಯಂತ್ರ ಅಂದರೆ ಅಲ್ಲಿ ಗಾಳಿ ತುಂಬಿದ ಬೊಂಬೆ, ಒಂದು ವಾಲ್ವು. ಜೀವ ಬಂದ ಬೊಂಬೆ ವಿಡಿಯೋ ಅಂಗಡಿಯಲ್ಲಿ ಕೆಲಸಕ್ಕೆ ಸೇರಿದೆ. ಬಿದ್ದು ಮೈ ಹರಿದು ಗಾಳಿ ಸೋರಿ ಕುಗ್ಗುತ್ತಾ ಹೋಗುತ್ತದೆ. ಜೊತೆಗಾರ ಟೇಪು ಕಿತ್ತು ಅಂಟಿಸುತ್ತಾನೆ, ಆಮೇಲೆ ಹೊಟ್ಟೆಯ ವಾಲ್ವಿಗೆ ಬಾಯಿಟ್ಟು ಉಸಿರು ತುಂಬುತ್ತಾನೆ. ಪಂಕ್ಚರ್ ಹಾಕುವ ಕೆಲಸ, ಕ್ರಮವಾಗಿ, ಅವಸರವಿಲ್ಲದೆ. ಇದಕ್ಕಿಂತ ಕಾಮುಕವಾದ ದೃಶ್ಯ ನನಗೆ ಗೊತ್ತಿಲ್ಲ. ಮುಂದೆ ಅವಳು ಅವನಿಗೂ ಅದೇ ಉಪಕಾರ ಮಾಡಹೋಗುತ್ತಾಳೆ. ಅವನ ಮೈಯನ್ನು ಸೀಳುತ್ತಾಳೆ, ಟೇಪು ಅಂಟಿಸುತ್ತಾಳೆ. ಅವನಲ್ಲಿ ಸೋರುವುದು ರಕ್ತ, ಟೇಪು ನಿಲ್ಲುವುದಿಲ್ಲ.

ಇನ್ನು ಎಲ್ಲ ಚಿತ್ರದಲ್ಲೂ ಇದ್ದು ಕಾಣದೆ ಹೋಗುವ ಯಂತ್ರ ಕ್ಯಾಮೆರಾ. ಮೈಕೆಲ್ ಪೊವೆಲ್ 1960ರಲ್ಲಿ 'ಪೀಪಿಂಗ್ ಟಾಮ್' ತೆಗೆದಾಗ ಕೊಲೆಯ ಆಯುಧವೇ ಟ್ರೈಪಾಡಿನ ಕಾಲಾಗಿತ್ತು. ಸಾಯುವವಳಿಗೆ ತನ್ನದೇ ಭಯ ಕಾಣಲೆಂದು ಅದಕ್ಕೊಂದು ಕನ್ನಡಿ ಬೇರೆ. ಕೊಲೆಗಾರನ ಬಾಲ್ಯದ ಮನೆಚಿತ್ರಗಳಲ್ಲಿ ಮಗುವನ್ನು ಹೆದರಿಸಿ ಚಿತ್ರೀಕರಿಸುವ ತಂದೆಯಾಗಿ ಪೊವೆಲ್ ತಾವೇ ನಿಂತರು, ಮಗುವಾಗಿ ಅವರ ಸ್ವಂತ ಮಗ. ವಿಮರ್ಶಕರು ಹರಿದು ತಿಂದರು, ಬ್ರಿಟನ್ನಿನಲ್ಲಿ ಅವರ ವೃತ್ತಿ ಮತ್ತೆ ಚೇತರಿಸಿಕೊಳ್ಳಲಿಲ್ಲ.

ಕ್ಯಾಮೆರಾ ಬಚ್ಚಿಟ್ಟಾಗ ಏನಾಗುತ್ತದೆ ಅನ್ನುವುದಕ್ಕೆ ಜೊನಾಥನ್ ಗ್ಲೇಜರ್ ಅವರ 2013ರ 'ಅಂಡರ್ ದ ಸ್ಕಿನ್'. ಸ್ಕಾಟ್ಲೆಂಡಿನ ಬೀದಿಗಳಲ್ಲಿ ಸ್ಕಾರ್ಲೆಟ್ ಜೊಹಾನ್ಸನ್ ವ್ಯಾನ್ ಓಡಿಸುತ್ತಾ ಗಂಡಸರನ್ನು ಮಾತಾಡಿಸುತ್ತಾರೆ. ಕೆಲವರು ನಟರೇ ಅಲ್ಲ, ವ್ಯಾನಿನೊಳಗಿನ ಪುಟ್ಟ ಕ್ಯಾಮೆರಾಗಳ ವಿಷಯ ಅವರಿಗೆ ತಿಳಿದದ್ದು, ಒಪ್ಪಿಗೆ ಕೇಳಿದ್ದು ಆಮೇಲೆ. ಆ ಮುಖಗಳ ಮೇಲಿನ ಅನುಮಾನ, ಆಸೆ, ಪೆಚ್ಚುನಗೆ ಯಾವ ನಟನೂ ಕೊಡಲಾರದಂಥದ್ದು. ಆದರೂ ಆಮೇಲೆ ಕೇಳುವ ಒಪ್ಪಿಗೆ ಒಪ್ಪಿಗೆಯಾಗುವುದು ಇಲ್ಲ ಅನ್ನಲು ನಿಜವಾದ ಅವಕಾಶ ಇದ್ದಾಗ ಮಾತ್ರ. ಈ ದಾರಿ ಹಿಡಿಯುವವರು ಸಹಿ ಹಾಕಿಸುವ ಮೊದಲು ತುಣುಕನ್ನು ಅವರಿಗೆ ತೋರಿಸಬೇಕು, ಬೇಡ ಅಂದವರದ್ದನ್ನು ಅಳಿಸಬೇಕು. ಬರೀ ಕಾಗದ ಮುಂದೆ ಹಿಡಿದು ಪೆನ್ನು ಕೊಡುವುದು ಮೋಸ.

ಲಾರ್ಸ್ ಫಾನ್ ಟ್ರಿಯರ್ ಅವರ 'ನಿಂಫೊಮೇನಿಯಾಕ್' ತುಳಿದದ್ದು ಬೇರೆ ದಾರಿ. ಕಾಮದ ದೃಶ್ಯಗಳನ್ನು ನಟರು ಅಭಿನಯಿಸಿದರು, ಬದಲಿ ಕಲಾವಿದರು ನಿಜವಾಗಿ ಮಾಡಿದರು, ಸೊಂಟದ ಮೇಲಿನದನ್ನೂ ಕೆಳಗಿನದನ್ನೂ ಕಂಪ್ಯೂಟರಿನಲ್ಲಿ ಕೂಡಿಸಲಾಯಿತು. ಇಂಥ ಜೋಡಣೆಗೆ ಎರಡೂ ಸಲ ಒಂದೇ ಲೆನ್ಸ್, ಒಂದೇ ಎತ್ತರ, ಒಂದೇ ಬೆಳಕು, ಜೊತೆಗೆ ಯಾರೂ ಇಲ್ಲದ ಖಾಲಿ ಹಾಸಿಗೆಯ ಒಂದು ಶಾಟ್ ಬೇಕು. ಮೈಬಣ್ಣ ಹೊಂದಿಸುವುದು ಸುಲಭ. ಸಿಕ್ಕಿಬೀಳುವುದು ಸ್ಪರ್ಶದಲ್ಲಿ: ಕೈ ಒತ್ತಿದಲ್ಲಿ ಮಾಂಸ ತಗ್ಗಬೇಕು, ಪಕ್ಕದಲ್ಲಿ ನೆರಳು ಬೀಳಬೇಕು, ಹಾಸಿಗೆ ಎರಡು ಮೈಗಳ ಭಾರಕ್ಕೂ ಒಂದೇ ಸಲ ಕುಸಿಯಬೇಕು. ಇದೆಲ್ಲ ತಪ್ಪಿದರೆ ಎಲ್ಲವೂ ಕಾಣುತ್ತಿದ್ದರೂ ಏನೂ ನಡೆಯುತ್ತಿಲ್ಲ ಅನ್ನಿಸುತ್ತದೆ.

ಇದಕ್ಕೆ ಹೋಲಿಸಿದರೆ ನಗಿಸಾ ಓಶಿಮಾ 1976ರಲ್ಲಿ ಮಾಡಿದ್ದು ಸರಳ ಯುಕ್ತಿ. 'ಇನ್ ದ ರೆಲ್ಮ್ ಆಫ್ ದ ಸೆನ್ಸಸ್' ಚಿತ್ರೀಕರಣ ಜಪಾನಿನಲ್ಲಿ, ಆದರೆ ರೀಲುಗಳನ್ನು ಸಂಸ್ಕರಿಸದೆ ಫ್ರಾನ್ಸಿಗೆ ಕಳಿಸಿದರು. ಸಂಸ್ಕರಿಸದ ನೆಗೆಟಿವ್‌ನಲ್ಲಿ ಯಾರಿಗೂ ಏನೂ ಕಾಣುವುದಿಲ್ಲವಲ್ಲ, ಜಪಾನಿನ ಅಶ್ಲೀಲತೆಯ ಕಾನೂನಿಗೆ ಹಿಡಿಯಲು ಚಿತ್ರವೇ ಇರಲಿಲ್ಲ. ಕೊನೆಗೆ ಅಲ್ಲಿ ಮೊಕದ್ದಮೆ ನಡೆದದ್ದು ಚಿತ್ರಕಥೆ, ಸ್ಥಿರಚಿತ್ರಗಳಿದ್ದ ಪುಸ್ತಕದ ಮೇಲೆ, ಅದರಲ್ಲೂ ಓಶಿಮಾ ಖುಲಾಸೆಯಾದರು.

ನೋಡುವವರಿಗೆ ಒಂದೆರಡು ಮಾತು. ಕೈಗೆ ಸಿಕ್ಕ ಪ್ರತಿ ಪೂರ್ತಿಯದ್ದೇ ಅಂತ ಮೊದಲು ಅವಧಿ ನೋಡಿ ಖಚಿತ ಮಾಡಿಕೊಳ್ಳಿ. 'ಕ್ರ್ಯಾಶ್' 100 ನಿಮಿಷ. ಅಮೆರಿಕದಲ್ಲಿ ಆರ್ ದರ್ಜೆಗಾಗಿ (ಹಿರಿಯರ ಜೊತೆ ಕಿರಿಯರೂ ನೋಡಬಹುದಾದ ದರ್ಜೆ) ಕತ್ತರಿಸಿದ್ದು ಸುಮಾರು ಹತ್ತು ನಿಮಿಷ ಕಡಿಮೆ. 96 ನಿಮಿಷ ತೋರಿಸಿದರೆ ಗಾಬರಿ ಬೇಡ, ಅದು ಹಳೆಯ ಪ್ಯಾಲ್ (ಯುರೋಪ್, ಭಾರತಗಳ ಟಿವಿ ಮಾದರಿ) ಡಿಸ್ಕ್: 24 ಚೌಕಟ್ಟಿನದ್ದನ್ನು 25ರಲ್ಲಿ ಓಡಿಸಿದ್ದರಿಂದ ಶೇಕಡ 4ರಷ್ಟು ಅವಧಿ ಕುಗ್ಗಿದೆ, ದನಿ ಸುಮಾರು 0.7 ಸೆಮಿಟೋನಿನಷ್ಟು (ಸೆಮಿಟೋನ್ ಅಂದರೆ ಕೀಲಿಮಣೆಯಲ್ಲಿ ಒಂದು ಕೀಲಿಗೂ ಪಕ್ಕದ ಕೀಲಿಗೂ ಇರುವ ಅಂತರ) ಏರಿದೆ. 'ಅಂಡರ್ ದ ಸ್ಕಿನ್'ನ ಕಪ್ಪು ಕೋಣೆಯ ದೃಶ್ಯ ದುರ್ಬಲ ಸ್ಟ್ರೀಮಿಂಗ್‌ನಲ್ಲಿ ಬೂದು ಚೌಕಗಳಾಗಿ ಒಡೆಯುತ್ತದೆ, ಅದನ್ನು ಬ್ಲೂರೇ ಹಾಕಿ, ದೀಪ ಆರಿಸಿ ನೋಡಬೇಕು. ಟಿವಿಯ ಮೋಷನ್ ಸ್ಮೂದಿಂಗ್ ಆಫ್ ಮಾಡುವುದನ್ನಂತೂ ಮರೆಯಬೇಡಿ. ಶಿನ್ಯಾ ತ್ಸುಕಾಮೊಟೊ 1989ರಲ್ಲಿ 16 ಎಂಎಂ ಕಪ್ಪುಬಿಳುಪಿನಲ್ಲಿ ತೆಗೆದ 67 ನಿಮಿಷದ 'ಟೆಟ್ಸುವೊ'ದಲ್ಲಿ ನಟರನ್ನು ಬೊಂಬೆಗಳಂತೆ ಒಂದೊಂದೇ ಚೌಕಟ್ಟಿಗೆ ಸರಿಸಿ, ಮೈಯಿಂದ ಲೋಹ ಮೊಳೆಯುವುದನ್ನು ಜರ್ಕು ಜರ್ಕಾಗಿ ಹಿಡಿದಿದ್ದಾರೆ. ಸ್ಮೂದಿಂಗ್ ಹಾಕಿದ ಟಿವಿ ಆ ಚೌಕಟ್ಟುಗಳ ನಡುವೆ ಇಲ್ಲದ ಚಲನೆಯನ್ನು ತಾನೇ ಹುಟ್ಟಿಸಿ ತುಂಬಿ, ತುಕ್ಕಿಗೆಲ್ಲ ಬೆಣ್ಣೆ ಸವರಿಬಿಡುತ್ತದೆ.